ಕೇಳಿದವರಿಗೆ ಉತ್ತರ ಕೊಡಬೇಕು

ಮುಂಬಯಿಯ ಲೋಕಲ್ ರೈಲಿನಲ್ಲಿ ಓಡಾಡಿದವರಿಗೆಲ್ಲ ಆ ಚೀಟಿಗಳು ಗೊತ್ತು. ಬಾಗಿಲ ಪಕ್ಕದ ತಗಡಿಗೆ, ಕಿಟಕಿಯ ಮೇಲಿನ ಪಟ್ಟಿಗೆ, ಸ್ಟೇಷನ್ ಹೊರಗಿನ ಮೂತ್ರಿಯ ಗೋಡೆಗೆ ಅಂಟಿಸಿದ ಅಂಗೈಯಗಲದ ಕಾಗದಗಳು. ಗುಪ್ತರೋಗ, ಸ್ವಪ್ನದೋಷ, ಧಾತುನಷ್ಟ, ಮರ್ದಾನಾ ಕಮ್ಜೋರಿ (ಗಂಡಸಿನ ದೌರ್ಬಲ್ಯ) ಎಂದು ದಪ್ಪ ಅಕ್ಷರಗಳಲ್ಲಿ ಅಚ್ಚಾಗಿರುತ್ತದೆ. ಕೆಳಗೆ ಒಂದು ಮೊಬೈಲ್ ನಂಬರು, ಒಂದು ಸ್ಟೇಷನ್ನಿನ ಹೆಸರು, ಪೂರ್ವವೋ ಪಶ್ಚಿಮವೋ ಎಂಬ ಗುರುತು. ಇಂಥ ಜಾಹೀರಾತುಗಳನ್ನು ನಿಷೇಧಿಸುವ ಕಾಯ್ದೆ ನಮ್ಮ ದೇಶದಲ್ಲಿ 1954ರಿಂದಲೂ ಇದೆ. ಆದರೂ ಕಿತ್ತ ಚೀಟಿಯ ಜಾಗದಲ್ಲಿ ಮರುದಿನ ಇನ್ನೊಂದು ಬಂದು ಕೂರುತ್ತದೆ. ಇಷ್ಟು ದೊಡ್ಡ ನಗರದಲ್ಲಿ ಹದಿಹರೆಯದ ಹುಡುಗನಿಗೆ ಅವನ ಮೈಯ ಬಗ್ಗೆ ಬಹಿರಂಗವಾಗಿ ಏನಾದರೂ ಹೇಳುತ್ತಿರುವವರು ಈ ಚೀಟಿ ಅಂಟಿಸುವವರು ಮಾತ್ರ. ಹೇಳುತ್ತಿರುವುದೆಲ್ಲ ಸುಳ್ಳು.

ನಾನು ಹಗಲು ಬ್ಯಾಂಕಿನಲ್ಲಿ ಕೆಲಸ ಮಾಡುತ್ತ, ಸಂಜೆ ಒಂದು ಕನ್ನಡ ರಾತ್ರಿಶಾಲೆಯಲ್ಲಿ ವಿಜ್ಞಾನ ಕಲಿಸುತ್ತಿದ್ದವನು. ರಾತ್ರಿಶಾಲೆಗಳ ವಿಷಯ ಮುಂಬಯಿ ಕನ್ನಡಿಗರಿಗೆ ವಿವರಿಸಬೇಕಾಗಿಲ್ಲ. ಕುಂದಾಪುರ, ಕಾರ್ಕಳ, ಬಂಟ್ವಾಳದ ಕಡೆಯಿಂದ ಹೋಟೆಲು, ಕ್ಯಾಂಟೀನುಗಳ ಕೆಲಸಕ್ಕೆಂದು ಬಂದ ಹುಡುಗರು ಮಧ್ಯಾಹ್ನದ ಊಟದ ಹೊತ್ತು ಮುಗಿದ ಮೇಲೆ ಅಂಗಿ ಬದಲಿಸಿ ತರಗತಿಗೆ ಬರುತ್ತಿದ್ದರು. ಬೆರಳ ಸಂದಿಗಳು ಸೋಪಿನ ನೀರಿನಿಂದ ಬಿಳಿಚಿರುತ್ತಿದ್ದವು. ಅಪ್ಪ ಅಮ್ಮ ಊರಿನಲ್ಲಿ. ಮಲಗುವುದು ಹೋಟೆಲಿನ ಟೇಬಲುಗಳನ್ನು ಜೋಡಿಸಿಕೊಂಡು, ಹಗಲೆಲ್ಲ ಜೊತೆಯಲ್ಲೇ ದುಡಿದವರ ಪಕ್ಕದಲ್ಲಿ. ಮೀಸೆ ಮೂಡುವ ಕಾಲದಲ್ಲಿ ಅವರ ಅನುಮಾನಗಳನ್ನು ಕೇಳಿಸಿಕೊಳ್ಳಲು ಅವರಿಗಿಂತ ಎರಡು ವರ್ಷ ಹಿರಿಯ ವೇಟರನನ್ನು ಬಿಟ್ಟರೆ ಬೇರೆ ಯಾರೂ ಇರಲಿಲ್ಲ.

ಒಂದು ಸಂಜೆ ತರಗತಿ ಮುಗಿದ ಮೇಲೂ ಒಬ್ಬ ಹುಡುಗ ಬೆಂಚಿನಿಂದ ಏಳಲಿಲ್ಲ. ಕ್ಯಾಂಟೀನಿನಲ್ಲಿ ಕೆಲಸ ಮಾಡುವವನು, ಲೆಕ್ಕದಲ್ಲಿ ಚುರುಕು. ಕೆಲವು ವಾರಗಳಿಂದ ಸೊರಗಿದ್ದ. ಎಲ್ಲರೂ ಹೋದ ಮೇಲೆ ಪ್ಲಾಸ್ಟಿಕ್ ಚೀಲದಿಂದ ಒಂದು ಕಂದು ಬಣ್ಣದ ಶೀಶೆ, ಕಾಗದದಲ್ಲಿ ಮಡಚಿದ ಪುಡಿಯ ಪೊಟ್ಟಣಗಳನ್ನು ತೆಗೆದು ಮೇಜಿನ ಮೇಲಿಟ್ಟ. ಶೀಶೆಗೆ ಹೆಸರಿಲ್ಲ, ತಯಾರಿಸಿದವರ ವಿಳಾಸವಿಲ್ಲ. ನಿದ್ದೆಯಲ್ಲಿ ವೀರ್ಯ ಹೋಗುವುದು ಮಹಾರೋಗವೆಂದೂ ಒಂದು ಹನಿ ಹೋದರೆ ನೂರು ಹನಿ ರಕ್ತ ಹೋದಂತೆಂದೂ ಸ್ಟೇಷನ್ ಪಕ್ಕದ ‘ದವಾಖಾನೆ’ಯವನು ಹೇಳಿದ್ದನಂತೆ. ಮದುವೆಯಾದರೆ ಮಕ್ಕಳಾಗುವುದಿಲ್ಲ, ಹುಚ್ಚೂ ಹಿಡಿಯಬಹುದು ಎಂದು ಹೆದರಿಸಿದ್ದನಂತೆ. ಎರಡು ತಿಂಗಳ ಪಗಾರ ಅಲ್ಲಿಗೆ ಹೋಗಿತ್ತು. ಊರಿಗೆ ಹಣ ಕಳಿಸಿರಲಿಲ್ಲ. ಅಮ್ಮ ಫೋನು ಮಾಡಿದರೆ ಎತ್ತುತ್ತಿರಲಿಲ್ಲ.

ಅದು ಆ ವಯಸ್ಸಿನ ಹುಡುಗರಲ್ಲಿ ಸಹಜವಾಗಿ ಆಗುವುದೆಂದೂ ರಕ್ತಕ್ಕೂ ಅದಕ್ಕೂ ಸಂಬಂಧವಿಲ್ಲವೆಂದೂ ದೇಹ ಅದನ್ನು ನಿರಂತರವಾಗಿ ಉತ್ಪಾದಿಸುತ್ತಲೇ ಇರುತ್ತದೆಂದೂ ಹೇಳಿದೆ. ಬೋರ್ಡಿನ ಮೇಲೆ ಚಿತ್ರ ಬರೆದು ತೋರಿಸಿದೆ. ಅವನು ಬಹಳ ಹೊತ್ತು ಬೋರ್ಡನ್ನೇ ನೋಡಿದ.

“ಹಾಗಾದರೆ ಇದು ಕಾಯಿಲೆಯೇ ಅಲ್ಲವೇ ಸರ್?”

“ಅಲ್ಲ.”

“ಇಷ್ಟು ಸಣ್ಣ ವಿಷಯವನ್ನು ನನಗೆ ಯಾರೂ ಯಾಕೆ ಹೇಳಲಿಲ್ಲ?”

ಆ ಪ್ರಶ್ನೆ ಅವನೊಬ್ಬನದಲ್ಲ. ನಾನು ಈ ಬರಹ ಬರೆಯುತ್ತಿರುವುದು ಅದಕ್ಕಾಗಿ.

ಇಂಥ ಪ್ರಶ್ನೆಗಳಿಗೆ ಅಚ್ಚಿನಲ್ಲಿ ಉತ್ತರ ಕೊಟ್ಟ ಮನುಷ್ಯನೊಬ್ಬ ಇದೇ ಊರಿನಲ್ಲಿದ್ದ. ರಘುನಾಥ ಧೋಂಡೋ ಕರ್ವೆ. ವಿಧವೆಯರ ಶಿಕ್ಷಣಕ್ಕೆ ಬದುಕನ್ನೇ ಕೊಟ್ಟ, ಪುಣೆಯಲ್ಲಿ ಮಹಿಳಾ ವಿಶ್ವವಿದ್ಯಾಲಯ ಕಟ್ಟಿದ ಮಹರ್ಷಿ ಧೋಂಡೋ ಕೇಶವ ಕರ್ವೆಯವರ ಮಗ. ಮುಂಬಯಿಯ ವಿಲ್ಸನ್ ಕಾಲೇಜಿನಲ್ಲಿ ಗಣಿತದ ಪ್ರಾಧ್ಯಾಪಕರಾಗಿದ್ದರು. 1921ರಲ್ಲಿ ಈ ನಗರದಲ್ಲಿ ಸಂತಾನ ನಿಯಂತ್ರಣದ ಸಲಹಾ ಕೇಂದ್ರ ತೆರೆದರು. ಲಂಡನ್ನಿನಲ್ಲಿ ಮೇರಿ ಸ್ಟೋಪ್ಸ್ ಅಂಥದೇ ಕೇಂದ್ರ ತೆರೆದದ್ದೂ ಅದೇ ವರ್ಷ. ಈ ಕೆಲಸ ಬಿಡುತ್ತೀರೋ ಪ್ರಾಧ್ಯಾಪಕ ಹುದ್ದೆ ಬಿಡುತ್ತೀರೋ ಎಂಬ ಮಾತು ಬಂದಾಗ ಅವರು ಹುದ್ದೆ ಬಿಟ್ಟರು. 1927ರಲ್ಲಿ ‘ಸಮಾಜಸ್ವಾಸ್ಥ್ಯ’ ಎಂಬ ಮರಾಠಿ ಮಾಸಿಕ ಆರಂಭಿಸಿ 1953ರಲ್ಲಿ ತೀರಿಕೊಳ್ಳುವವರೆಗೂ ಅದನ್ನು ನಡೆಸಿದರು. ಲಾಭವಿರಲಿಲ್ಲ, ಬೆನ್ನಿಗೆ ನಿಲ್ಲುವ ಮಠವೋ ಪಕ್ಷವೋ ಇರಲಿಲ್ಲ. ಪತ್ನಿ ಮಾಲತಿಯವರ ದುಡಿಮೆಯಲ್ಲಿ ಮನೆ ನಡೆಯುತ್ತಿತ್ತು.

ಆ ಪತ್ರಿಕೆಯಲ್ಲಿ ಓದುಗರ ಪತ್ರಗಳು ಬರುತ್ತಿದ್ದವು. ಹಸ್ತಮೈಥುನದಿಂದ ದೇಹ ಕೆಡುತ್ತದೆಯೇ, ಗಂಡಸಿಗೆ ಗಂಡಸಿನ ಮೇಲೆ ಮನಸ್ಸಾಗುವುದು ಏಕೆ ಎಂದು ಜನ ಕೇಳುತ್ತಿದ್ದರು, ಕರ್ವೆ ಉತ್ತರಿಸುತ್ತಿದ್ದರು. 1931ರಲ್ಲಿ ಒಂದು ಲೇಖನಕ್ಕಾಗಿ ಅಶ್ಲೀಲತೆಯ ಮೊಕದ್ದಮೆ ಬಿತ್ತು, ದಂಡ ಕಟ್ಟಿದರು. 1934ರಲ್ಲಿ ಓದುಗರ ಪ್ರಶ್ನೆಗಳಿಗೆ ಕೊಟ್ಟ ಉತ್ತರಗಳೇ ಅಪರಾಧವೆಂದು ಮತ್ತೆ ಕೋರ್ಟಿಗೆ ಎಳೆದರು. ಈ ಸಲ ಅವರ ಪರ ವಾದಿಸಿದವರು ಡಾ. ಬಿ. ಆರ್. ಅಂಬೇಡ್ಕರ್. ದುಂಡುಮೇಜಿನ ಪರಿಷತ್ತುಗಳಲ್ಲಿ ದೇಶದ ಭವಿಷ್ಯ ಚರ್ಚಿಸಿ ಬಂದಿದ್ದ ನಾಯಕ ಒಂದು ಪುಟ್ಟ ಪತ್ರಿಕೆಯ ಪ್ರಶ್ನೋತ್ತರಕ್ಕಾಗಿ ನಿಂತರು. ಇಂಥ ವಿಕೃತ ಪ್ರಶ್ನೆಗಳನ್ನು ಅಚ್ಚು ಹಾಕುವ ಅಗತ್ಯವೇನಿದೆ ಎಂಬ ಮಾತು ನ್ಯಾಯಾಲಯದಲ್ಲಿ ಬಂತು. ವಿಕೃತಿ ಎಂದೇ ಇಟ್ಟುಕೊಂಡರೂ ಅದು ಹೋಗುವುದು ಜ್ಞಾನದಿಂದಲೇ ಅಲ್ಲವೇ, ಕೇಳಿದವರಿಗೆ ಕರ್ವೆ ಉತ್ತರ ಕೊಡಲೇಬೇಕಿತ್ತು ಎಂಬುದು ಅಂಬೇಡ್ಕರರ ವಾದದ ತಿರುಳು. ಮೊಕದ್ದಮೆ ಸೋತಿತು. ಕರ್ವೆಯವರಿಗೆ 200 ರೂಪಾಯಿ ದಂಡವಾಯಿತು. ಕಾನೂನು ಆ ಪ್ರಶ್ನೆಗಳಲ್ಲೊಂದನ್ನು ಮನುಷ್ಯರ ಪ್ರಶ್ನೆಯೆಂದು ಒಪ್ಪಿಕೊಳ್ಳಲು, ಅಂದರೆ ವಯಸ್ಕರ ಸಲಿಂಗ ಸಂಬಂಧ ಅಪರಾಧವಲ್ಲವೆಂದು ಸುಪ್ರೀಂ ಕೋರ್ಟ್ ಹೇಳಲು, 2018ರ ಸೆಪ್ಟೆಂಬರ್ 6ರವರೆಗೆ ಕಾಯಬೇಕಾಯಿತು.

ನಮ್ಮವರ ಪಾಲೂ ಈ ಕಥೆಯಲ್ಲಿದೆ. 1949ರಲ್ಲಿ ಮುಂಬಯಿಯಲ್ಲಿ ಭಾರತೀಯ ಕುಟುಂಬ ಯೋಜನಾ ಸಂಘವನ್ನು ಕಟ್ಟಿದವರಲ್ಲಿ ಪ್ರಮುಖರಾದ ಧನ್ವಂತಿ ರಾಮರಾವ್ ಹುಟ್ಟಿದ್ದು ಹುಬ್ಬಳ್ಳಿಯಲ್ಲಿ. ಅವರ ಪತಿ ಬೆನೆಗಲ್ ರಾಮರಾವ್ ಆಗ ರಿಸರ್ವ್ ಬ್ಯಾಂಕಿನ ಗವರ್ನರ್. 1952ರಲ್ಲಿ ಇದೇ ಮುಂಬಯಿಯಲ್ಲಿ ನಡೆದ ಸಮ್ಮೇಳನದಲ್ಲಿ ಕುಟುಂಬ ಯೋಜನೆಯ ಅಂತರರಾಷ್ಟ್ರೀಯ ಒಕ್ಕೂಟ ಹುಟ್ಟಿತು. ಅದಕ್ಕೂ ಮುಂಚೆ, 1930ರಲ್ಲೇ ಮೈಸೂರು ಸಂಸ್ಥಾನ ಸರ್ಕಾರದ ಖರ್ಚಿನಲ್ಲಿ ಸಂತಾನ ನಿಯಂತ್ರಣದ ಕ್ಲಿನಿಕ್ ತೆರೆದಿತ್ತು. ಪ್ರಜೆಗಳ ಮಲಗುವ ಕೋಣೆಯ ಸಂಗತಿ ಆರೋಗ್ಯದ ಸಂಗತಿಯೂ ಹೌದೆಂದು ಒಪ್ಪಿಕೊಳ್ಳಲು ಒಬ್ಬ ಧರ್ಮನಿಷ್ಠ ಮಹಾರಾಜರಿಗೆ ಅಡ್ಡಿಯಾಗಲಿಲ್ಲ. ಆದ್ದರಿಂದ ಲೈಂಗಿಕ ಶಿಕ್ಷಣ ಎಂಬುದು ನಿನ್ನೆ ಮೊನ್ನೆ ಪಶ್ಚಿಮದಿಂದ ಬಂದ ಪಿಡುಗು ಎಂದು ಯಾರಾದರೂ ವೇದಿಕೆಯಿಂದ ಹೇಳಿದಾಗ ನನಗೆ ನಿಜವಾಗಿಯೂ ಸಿಟ್ಟು ಬರುತ್ತದೆ. ಖಜುರಾಹೊ ನಮ್ಮದಲ್ಲವೇ, ವಾತ್ಸ್ಯಾಯನ ನಮ್ಮವನಲ್ಲವೇ ಎಂಬ ಪ್ರತಿವಾದವೂ ನನಗೆ ಬೇಡ. ಮುಟ್ಟಿನ ಮೊದಲ ದಿನ ಶಾಲೆಯ ಶೌಚಾಲಯದಲ್ಲಿ ಅಳುತ್ತ ನಿಂತ ಹುಡುಗಿಗೆ ಯಾವ ಶಿಲ್ಪವೂ ಏನೂ ಹೇಳುವುದಿಲ್ಲ. ಪಕ್ಕದಲ್ಲಿ ಒಬ್ಬ ಹಿರಿಯಳು ನಿಂತು ಹೇಳಬೇಕು.

ಹಿರಿಯರು ಕ್ರೂರಿಗಳಾಗಿದ್ದರು ಎಂದು ನಾನು ಹೇಳುತ್ತಿಲ್ಲ. ನಾನು ಬೆಳೆದದ್ದು ಪರಳದ ಒಂದು ಚಾಳಿನಲ್ಲಿ. ಹತ್ತು ಅಡಿಗೆ ಹನ್ನೆರಡು ಅಡಿಯ ಖೋಲಿ. ಅಪ್ಪ, ಅಮ್ಮ, ನಾವು ಮಕ್ಕಳು, ಊರಿನಿಂದ ಬಂದು ಮಿಲ್ಲಿನ ಕೆಲಸ ಹುಡುಕುತ್ತಿದ್ದ ಚಿಕ್ಕಪ್ಪ. ಒಂದು ಮೂಲೆಯಲ್ಲಿ ಮೋರಿ, ಮೇಲೆ ಹಲಗೆಯ ಅಟ್ಟ. ಚಿಕ್ಕಪ್ಪನ ಮದುವೆಯಾಗಿ ಚಿಕ್ಕಮ್ಮ ಬಂದ ಮೇಲೆ ಶನಿವಾರ ಸಂಜೆ ಅಪ್ಪ ನಮ್ಮನ್ನೆಲ್ಲ ಶಿವಾಜಿ ಪಾರ್ಕಿಗೋ ಭಜನೆಗೋ ಕರೆದುಕೊಂಡು ಹೋಗುತ್ತಿದ್ದರು. ಅಮ್ಮನಿಗೆ ಅದೇ ಹೊತ್ತಿಗೆ ಪಕ್ಕದ ಖೋಲಿಯ ಕಾಕಿಯ ಮನೆಯಲ್ಲಿ ಹಪ್ಪಳದ ಕೆಲಸವಿರುತ್ತಿತ್ತು. ಬೇಸಿಗೆಯಲ್ಲಿ ಗಂಡಸರೆಲ್ಲ ಗ್ಯಾಲರಿಯಲ್ಲಿ ಚಾಪೆ ಹಾಸುತ್ತಿದ್ದರು. ಯಾರೂ ಯಾರಿಗೂ ಏನನ್ನೂ ಹೇಳದೆ ಇಡೀ ಚಾಳು ಎಳೆಯ ದಂಪತಿಗಳಿಗೆ ಒಂದಿಷ್ಟು ಹೊತ್ತು, ಒಂದಿಷ್ಟು ಕತ್ತಲೆ ಉಳಿಸಿಕೊಡುತ್ತಿತ್ತು. ಆ ಸಂಕೋಚದಲ್ಲಿ ದೊಡ್ಡ ಪ್ರೀತಿಯಿತ್ತು. ಅದನ್ನು ಈಗಲೂ ನಾನು ಗೌರವಿಸುತ್ತೇನೆ.

ಆದರೆ ಅದೇ ಖೋಲಿಯಲ್ಲಿ ಅಮ್ಮ ತಿಂಗಳಿಗೆ ಮೂರು ದಿನ ಮೋರಿಯ ಪಕ್ಕದಲ್ಲಿ ಗೋಣಿಯ ಮೇಲೆ ಕೂರುತ್ತಿದ್ದಳು. ಏಕೆಂದು ಕೇಳಿದರೆ ಕಾಗೆ ಮುಟ್ಟಿದೆ ಎನ್ನುತ್ತಿದ್ದರು. ಊರಿನ ಮನೆಯಲ್ಲಾದರೆ ಹಿತ್ತಿಲಿತ್ತು, ಜಗಲಿಯಿತ್ತು. ಇಲ್ಲಿ ನೀರು ಹಿಡಿಯುವವರು, ಪಾತ್ರೆ ತೊಳೆಯುವವರು ಎಲ್ಲರೂ ಅವಳನ್ನು ದಾಟಿಕೊಂಡೇ ಹೋಗಬೇಕು. ಅಕ್ಕ ದೊಡ್ಡವಳಾದಾಗ ಆರತಿ ಎತ್ತಿದರು, ಕೊಬ್ಬರಿ ಬೆಲ್ಲ ತಿನ್ನಿಸಿದರು, ಚಾಳಿನ ಹೆಂಗಸರೆಲ್ಲ ಬಂದು ಹರಸಿದರು. ಅವಳ ಮೈಯಲ್ಲಿ ಏನಾಗುತ್ತಿದೆ ಎಂದು ಮಾತ್ರ ಒಬ್ಬರೂ ಹೇಳಲಿಲ್ಲ. ಹೊಟ್ಟೆಯೊಳಗೆ ಗಾಯವಾಗಿದೆ ಎಂದೇ ಅವಳು ಬಹಳ ದಿನ ನಂಬಿದ್ದಳು. ದೊಡ್ಡವರ ನಡುವಿನ ಸಂಕೋಚ ಬೇರೆ, ಮಗುವಿನ ಎದುರಿನ ಮೌನ ಬೇರೆ. ಮೊದಲನೆಯದು ಮರ್ಯಾದೆ. ಎರಡನೆಯದರಿಂದ ಮಗು ಒಂಟಿಯಾಗುತ್ತದೆ.

ಇನ್ನೊಂದು ಸಂಗತಿಯನ್ನು ಹೇಳದೆ ಮುಂದೆ ಹೋಗಲಾರೆ. ಮೈಮಾರಾಟದ ಕೇರಿಗಳಾದ ಮುಂಬಯಿಯ ಕಾಮಾಠಿಪುರದ ಗಲ್ಲಿಗಳಲ್ಲಿ, ಪುಣೆಯ ಬುಧವಾರ ಪೇಠೆಯಲ್ಲಿ ದಶಕಗಳಿಂದ ಕನ್ನಡ ಕೇಳಿಸುತ್ತಿದೆ. ಬೆಳಗಾವಿ, ಬಾಗಲಕೋಟೆ, ವಿಜಯಪುರದ ಕಡೆಯ ಹೆಣ್ಣುಮಕ್ಕಳು, ಅವರಲ್ಲಿ ಹಲವರು ಎಳವೆಯಲ್ಲೇ ಎಲ್ಲಮ್ಮನ ಹೆಸರಿನಲ್ಲಿ ಮುತ್ತು ಕಟ್ಟಿಸಿಕೊಂಡವರು. ಮುಂಬಯಿ ಪ್ರಾಂತದಲ್ಲಿ 1934ರಲ್ಲಿ, ಕರ್ನಾಟಕದಲ್ಲಿ 1982ರಲ್ಲಿ ದೇವದಾಸಿ ಪದ್ಧತಿಯ ವಿರುದ್ಧ ಕಾಯ್ದೆ ಬಂತು. ಹೆಣ್ಣುಮಗುವಿನ ಕೊರಳಿಗೆ ದೇವರ ಹೆಸರಿನಲ್ಲಿ ಮುತ್ತು ಕಟ್ಟುವಾಗ ಅಡ್ಡ ಬಾರದ ಧರ್ಮ, ಅದೇ ವಯಸ್ಸಿನ ಮಗುವಿಗೆ ನಿನ್ನ ಮೈ ನಿನ್ನದು ಎಂದು ಶಾಲೆಯಲ್ಲಿ ಹೇಳಿದರೆ ಕೆಡುವುದು ಹೇಗೆ? ನಾನು ದೇವರನ್ನು ನಂಬುವವನು, ದಿನವೂ ದೀಪ ಹಚ್ಚುವವನು. ಈ ಪ್ರಶ್ನೆಗೆ ನಮ್ಮ ಸಂಘಗಳ ವೇದಿಕೆಗಳಲ್ಲಿ ಒಮ್ಮೆಯೂ ಉತ್ತರ ಕೇಳಿಲ್ಲ. ಆ ಗಲ್ಲಿಗಳ ಹೆಂಗಸರನ್ನು ಮುಂಬಯಿ ಕನ್ನಡಿಗರ ಲೆಕ್ಕದಲ್ಲಿ ನಾವು ಹಿಡಿಯುವುದೇ ಇಲ್ಲ.

2007ನೇ ಇಸವಿ ನನಗೆ ಚೆನ್ನಾಗಿ ನೆನಪಿದೆ. ಎಚ್‌ಐವಿ ಹರಡುವುದನ್ನು ತಡೆಯುವ ಉದ್ದೇಶವೂ ಸೇರಿದಂತೆ ಕೇಂದ್ರ ಸರ್ಕಾರ ಶಾಲೆಗಳಿಗೆ ಹದಿಹರೆಯದ ಶಿಕ್ಷಣ ಕಾರ್ಯಕ್ರಮವೊಂದನ್ನು ತಂದಿತ್ತು. ಶಿಕ್ಷಕರ ಕೈಪಿಡಿಯಲ್ಲಿದ್ದ ಚಿತ್ರಗಳ ಬಗ್ಗೆ ಗದ್ದಲವೆದ್ದಿತು. ಮಹಾರಾಷ್ಟ್ರದ ವಿಧಾನಸಭೆಯಲ್ಲಿ ಸದಸ್ಯರು ಪಕ್ಷಭೇದ ಮರೆತು ವಿರೋಧಿಸಿದರು, ರಾಜ್ಯದಲ್ಲಿ ಕಾರ್ಯಕ್ರಮ ನಿಂತಿತು. ಕರ್ನಾಟಕದಲ್ಲೂ ನಿಂತಿತು. ಗುಜರಾತ್, ಮಧ್ಯಪ್ರದೇಶ, ರಾಜಸ್ಥಾನಗಳಲ್ಲೂ ಅದೇ ಆಯಿತು. 2009ರಲ್ಲಿ ರಾಜ್ಯಸಭೆಯ ಅರ್ಜಿಗಳ ಸಮಿತಿ, ನಮ್ಮ ಸಾಮಾಜಿಕ ಸಾಂಸ್ಕೃತಿಕ ಪರಿಸರದಲ್ಲಿ ಶಾಲೆಗಳಲ್ಲಿ ಲೈಂಗಿಕ ಶಿಕ್ಷಣಕ್ಕೆ ಸ್ಥಾನವಿಲ್ಲ ಎಂಬರ್ಥದ ವರದಿ ಕೊಟ್ಟಿತು. ಎಚ್‌ಐವಿಯಿಂದ ಅತಿ ಹೆಚ್ಚು ನೊಂದ ರಾಜ್ಯಗಳಲ್ಲಿ ಮಹಾರಾಷ್ಟ್ರ, ಕರ್ನಾಟಕಗಳೆರಡೂ ಇದ್ದವು. ಮಹಾರಾಷ್ಟ್ರದ ಪಠ್ಯಪುಸ್ತಕ ಮಂಡಳಿಯಾದ ಬಾಲಭಾರತಿ ಪುಣೆಯಿಂದ ಕನ್ನಡದಲ್ಲೂ ಪಠ್ಯಪುಸ್ತಕ ಹೊರತರುತ್ತದೆ, ವಿಜ್ಞಾನದ ಪುಸ್ತಕದಲ್ಲಿ ಸಂತಾನೋತ್ಪತ್ತಿಯ ಅಧ್ಯಾಯ ಇದ್ದೇ ಇದೆ. ಆದರೆ ಎಷ್ಟೋ ತರಗತಿಗಳಲ್ಲಿ ಆ ಪುಟಗಳನ್ನು ಮನೆಯಲ್ಲಿ ಓದಿಕೊಳ್ಳಿ ಎಂದು ಹೇಳಿ ದಾಟಿಸಿಬಿಡುತ್ತಾರೆ. ಓದಿಕೊಂಡರೂ ಅಂಡಾಣು ವೀರ್ಯಾಣುಗಳ ಚಿತ್ರ ಸಿಗುತ್ತದೆ. ಬೇಡ ಎನ್ನುವುದು ಹೇಗೆ, ಬೇಡ ಎಂದವರ ಮಾತಿಗೆ ನಿಲ್ಲುವುದು ಹೇಗೆ, ಅದು ಯಾವ ಅಧ್ಯಾಯದಲ್ಲೂ ಇಲ್ಲ.

ನಾವು ಹೇಳದೆ ಬಿಟ್ಟದ್ದನ್ನೆಲ್ಲ ಈಗ ಕಾನೂನು ಹೇಳುತ್ತಿದೆ, ತಪ್ಪು ನಡೆದ ಮೇಲೆ, ಪೊಲೀಸ್ ಠಾಣೆಯಲ್ಲಿ. ಇದೇ ಮುಂಬಯಿಯಲ್ಲಿ ಹನ್ನೊಂದನೆಯ ವಯಸ್ಸಿನಲ್ಲಿ ಮದುವೆಯಾಗಿದ್ದ ರುಖ್ಮಾಬಾಯಿ, ಒಪ್ಪದ ಗಂಡನ ಮನೆಗೆ ಹೋಗುವುದಕ್ಕಿಂತ ಜೈಲಿಗೇ ಹೋಗುತ್ತೇನೆ ಎಂದು 1887ರಲ್ಲಿ ಹಟ ಹಿಡಿದರು. ಮುಂದೆ ಲಂಡನ್ನಿನಲ್ಲಿ ಓದಿ ವೈದ್ಯೆಯಾಗಿ ಬಂದು ಸೂರತ್, ರಾಜಕೋಟೆಗಳಲ್ಲಿ ದುಡಿದರು. ಗಂಡ ಅವರ ಮೇಲೆ ಹೂಡಿದ್ದ ಮೊಕದ್ದಮೆ ಎಬ್ಬಿಸಿದ ಚರ್ಚೆ, ಕಲ್ಕತ್ತೆಯಲ್ಲಿ ಫೂಲ್‌ಮಣಿ ಎಂಬ ಬಾಲಕಿ ಗಂಡನ ಬಲಾತ್ಕಾರದಿಂದ ಸತ್ತ ಆಘಾತ, ಇವುಗಳ ಹಿನ್ನೆಲೆಯಲ್ಲಿ ಹೆಣ್ಣು ದೈಹಿಕ ಸಂಬಂಧಕ್ಕೆ ಒಪ್ಪಿಗೆ ಕೊಡಬಲ್ಲ ವಯಸ್ಸು, ಅಂದರೆ ಸಮ್ಮತಿಯ ವಯಸ್ಸು, 1891ರಲ್ಲಿ ಹತ್ತರಿಂದ ಹನ್ನೆರಡಕ್ಕೆ ಏರಿತು. ಹತ್ತರಿಂದ ಹನ್ನೆರಡಕ್ಕೆ! ಅಷ್ಟಕ್ಕೇ ಧರ್ಮ ಮುಳುಗಿತೆಂದು ಪುಣೆ ಕೆರಳಿತು, ತಿಲಕರೇ ವಿರೋಧದ ಮುಂಚೂಣಿಯಲ್ಲಿದ್ದರು. ಬಹುಕಾಲ ಹದಿನಾರರಲ್ಲಿ ನಿಂತಿದ್ದ ವಯಸ್ಸು, ಮಕ್ಕಳನ್ನು ಲೈಂಗಿಕ ಅಪರಾಧಗಳಿಂದ ರಕ್ಷಿಸುವ ಪೋಕ್ಸೊ ಕಾಯ್ದೆಯೊಂದಿಗೆ 2012ರಲ್ಲಿ ಹದಿನೆಂಟಾಯಿತು.

ಮಕ್ಕಳ ಮೇಲಿನ ದೌರ್ಜನ್ಯಕ್ಕೆ ಬಿಗಿಯಾದ ಕಾಯ್ದೆ ಬೇಕೇ ಬೇಕು, ಅದರಲ್ಲಿ ನನಗೆ ಎರಡು ಮಾತಿಲ್ಲ. ಆದರೆ ಅದರ ಪರಿಣಾಮ ಏನೆಂದು ಯಾರಿಗೆ ಹೇಳಿದ್ದೇವೆ? ಹೋಟೆಲಿನಲ್ಲಿ ದುಡಿಯುವ ಇಪ್ಪತ್ತರ ಹುಡುಗ, ಎದುರಿನ ಬಟ್ಟೆಯಂಗಡಿಯಲ್ಲಿ ಕೆಲಸ ಮಾಡುವ ಹದಿನೇಳರ ಹುಡುಗಿ. ಇಬ್ಬರೂ ಒಪ್ಪಿ ಓಡಿಹೋದರೂ ಹದಿನೆಂಟು ತುಂಬದವಳ ಒಪ್ಪಿಗೆಗೆ ಕಾನೂನಿನಲ್ಲಿ ಬೆಲೆಯಿಲ್ಲ. ಹುಡುಗಿಯ ಮನೆಯವರು ದೂರು ಕೊಟ್ಟರೆ ಅವನ ಮೇಲೆ ಬೀಳುವ ಅತ್ಯಾಚಾರದ ಆರೋಪಕ್ಕೆ, 2019ರ ತಿದ್ದುಪಡಿಯ ನಂತರ, ಕನಿಷ್ಠ ಶಿಕ್ಷೆ ಹತ್ತು ವರ್ಷ. ಹುಡುಗಿ ಗರ್ಭಿಣಿಯಾಗಿ ಆಸ್ಪತ್ರೆಗೆ ಹೋದರೆ ಪೊಲೀಸರಿಗೆ ತಿಳಿಸುವುದು ವೈದ್ಯರಿಗೆ ಕಡ್ಡಾಯ. ಆ ಹೆದರಿಕೆಯಲ್ಲಿ ಅವಳು ಆಸ್ಪತ್ರೆ ಬಿಟ್ಟು ಕಳ್ಳವೈದ್ಯನ ಬಾಗಿಲಿಗೆ ಹೋಗುತ್ತಾಳೆ. ಅಪ್ರಾಪ್ತೆಯೂ ಅವಳ ಪೋಷಕರೂ ಕೋರಿದರೆ ವೈದ್ಯರು ಹೆಸರನ್ನು ಬಹಿರಂಗಪಡಿಸಬೇಕಾಗಿಲ್ಲ ಎಂದೂ ಮದುವೆಯಾಗದ ಹೆಣ್ಣಿಗೂ ಗರ್ಭಪಾತದ ಹಕ್ಕು ಸಮಾನವೆಂದೂ ಸುಪ್ರೀಂ ಕೋರ್ಟ್ 2022ರ ಸೆಪ್ಟೆಂಬರಿನಲ್ಲಿ ಹೇಳಿತು. ಹದಿನಾರರಿಂದ ಹದಿನೆಂಟರೊಳಗಿನವರು ಪರಸ್ಪರ ಒಪ್ಪಿದ್ದ ಪ್ರಕರಣಗಳಲ್ಲಿ ಶಿಕ್ಷೆಯ ವಿಷಯದಲ್ಲಿ ನ್ಯಾಯಾಧೀಶರಿಗೆ ವಿವೇಚನೆಯ ಅವಕಾಶ ಬೇಕೆಂದು ಕಾನೂನು ಆಯೋಗ 2023ರಲ್ಲಿ ಸೂಚಿಸಿತು. ಇದರಲ್ಲಿ ಒಂದಕ್ಷರವೂ ಆ ಹುಡುಗ ಹುಡುಗಿಯರ ಕಿವಿಗೆ ಬಿದ್ದಿಲ್ಲ. ಶಾಲೆಯಲ್ಲಿ ಹೇಳಿಕೊಡಬೇಕಾದದ್ದು ದೇಹದ ವಿಷಯ ಮಾತ್ರವಲ್ಲ, ಈ ಕಾನೂನನ್ನೂ ಹೇಳಿಕೊಡಬೇಕು ಎಂದು ನಾನು ಒತ್ತಿ ಹೇಳುವುದು ಇದಕ್ಕೇ.

ನಿವೃತ್ತನಾದ ಮೇಲೆ ಡೊಂಬಿವಲಿಯ ನಮ್ಮ ಕನ್ನಡಿಗರ ಸಂಘದಲ್ಲಿ ಒಂದು ಪ್ರಸ್ತಾಪ ಇಟ್ಟೆ. ಹದಿಮೂರರಿಂದ ಹದಿನೆಂಟರ ಮಕ್ಕಳಿಗೆ ವೈದ್ಯೆಯೊಬ್ಬರಿಂದ ಕನ್ನಡದಲ್ಲಿ ಮಾತು, ಪ್ರಶ್ನೋತ್ತರ. ಶನಿಪೂಜೆ ನಡೆಯುವ ಸಭಾಗೃಹದಲ್ಲಿ ಅದು ಸಲ್ಲದು ಎಂದರು ಒಬ್ಬರು. “ಮಾಸ್ಟರೇ, ಹಸಿವಿಲ್ಲದವನಿಗೆ ಊಟದ ನೆನಪು ಮಾಡಬೇಡಿ” ಎಂದರು ಇನ್ನೊಬ್ಬರು, ಹೋಟೆಲು ನಡೆಸಿ ಹಣ್ಣಾದವರು. ಮಕ್ಕಳ ಕೈಯಲ್ಲಿ ಮೊಬೈಲ್ ಇದೆ, ನಾವು ನೆನಪು ಮಾಡಲು ಏನೂ ಉಳಿದಿಲ್ಲ, ಅಲ್ಲಿ ನೋಡಿದ್ದು ಸುಳ್ಳೆಂದು ಹೇಳಲು ಒಬ್ಬರಾದರೂ ಬೇಕು ಎಂದೆ. ಸರಿಯಾದ ಲೈಂಗಿಕ ಶಿಕ್ಷಣದಿಂದ ಮಕ್ಕಳು ಬೇಗ ದಾರಿ ತಪ್ಪುವುದಿಲ್ಲ ಎಂದು ಯುನೆಸ್ಕೊ ಹಲವು ದೇಶಗಳ ಅಧ್ಯಯನಗಳನ್ನು ಪರಿಶೀಲಿಸಿ ಹೇಳಿರುವುದನ್ನೂ ಓದಿ ಹೇಳಿದೆ. ಅವರು ಮೆತ್ತಗಾದದ್ದು ಯುನೆಸ್ಕೊದ ಮಾತಿಗಲ್ಲ. ಹಿಂದಿನ ಸಾಲಿನಲ್ಲಿ ಕೂತಿದ್ದ ಅವರ ಮನೆಯಾಕೆ, ಎಪ್ಪತ್ತು ದಾಟಿದ ಹಿರಿಯರು, ಎದ್ದು ನಿಂತು ಗಂಡನನ್ನು ನೋಡದೆ ಅಧ್ಯಕ್ಷರಿಗೆ ಹೇಳಿದರು: “ನನಗೆ ಹದಿನಾರಕ್ಕೆ ಮದುವೆ. ಆ ರಾತ್ರಿಯವರೆಗೆ ಯಾರೂ ಏನೂ ಹೇಳಿರಲಿಲ್ಲ. ಆ ಹೆದರಿಕೆ ಹೋಗಲು ವರ್ಷಗಳು ಹಿಡಿದವು. ಮೊಮ್ಮಗಳಿಗೆ ಹಾಗಾಗುವುದು ಬೇಡ. ಡಾಕ್ಟರಮ್ಮನನ್ನು ಕರೆಸಿ.”

ಡಾಕ್ಟರಮ್ಮ ಬಂದರು. ಹುಡುಗರು ಹುಡುಗಿಯರು ಒಟ್ಟಿಗೇ ಕೂತರು. ಹೆಸರಿಲ್ಲದೆ ಪ್ರಶ್ನೆ ಬರೆದು ಹಾಕಲು ಒಂದು ರಟ್ಟಿನ ಪೆಟ್ಟಿಗೆ ಇಟ್ಟಿದ್ದೆವು. ಮುಟ್ಟಾದಾಗ ಈಜಬಹುದೇ, ಎದೆ ಒಂದು ಕಡೆ ದೊಡ್ಡದಾಗಿದ್ದರೆ ಕ್ಯಾನ್ಸರೇ, ನನಗೆ ಹುಡುಗಿಯರ ಮೇಲೆ ಮನಸ್ಸಾಗುವುದಿಲ್ಲ ನಾನು ಕೆಟ್ಟವನೇ, ಅವಳು ಮೊದಲು ಹೂಂ ಎಂದು ಆಮೇಲೆ ಬೇಡ ಎಂದರೆ ಯಾವುದನ್ನು ನಂಬಬೇಕು. ಆ ಕೊನೆಯದಕ್ಕೆ ಅವರು ಕೊಟ್ಟ ಉತ್ತರ ಒಂದೇ ಸಾಲಿನದು: ಕೊನೆಗೆ ಹೇಳಿದ್ದನ್ನು. ಉಳಿದವಕ್ಕೆ ಸಾವಧಾನವಾಗಿ, ನಗದೆ, ಒಂದನ್ನೂ ತಳ್ಳಿಹಾಕದೆ ಉತ್ತರಿಸಿದರು. ಒಂದು ಚೀಟಿಯನ್ನು ಮಾತ್ರ ಓದಿ ಹೇಳದೆ ಮಡಚಿ ಕೈಯಲ್ಲಿ ಹಿಡಿದರು. ಮುಟ್ಟಿದವರು ಮನೆಯವರೇ ಆಗಲಿ, ನಿಮಗೆ ಬೇಡವಾದ ಮುಟ್ಟುವಿಕೆಯನ್ನು ಹೇಳಿಕೊಳ್ಳುವುದರಲ್ಲಿ ನಿಮ್ಮ ತಪ್ಪಿಲ್ಲ, ಮಕ್ಕಳ ಸಹಾಯವಾಣಿ 1098ಕ್ಕೆ ಫೋನು ಮಾಡಬಹುದು, ಇಂದು ಎಷ್ಟು ಹೊತ್ತಾದರೂ ನಾನು ಒಳಗಿನ ಕೋಣೆಯಲ್ಲಿ ಇರುತ್ತೇನೆ ಎಂದು ಎಲ್ಲರಿಗೂ ಸೇರಿಸಿ ಹೇಳಿದರು. ಒಂದು ಮಗು ಹೋಯಿತು. ಆಮೇಲೆ ಆಗಬೇಕಾದದ್ದು ಕಾನೂನಿನ ಪ್ರಕಾರ ಆಯಿತು, ಆ ಮಗು ಈಗ ಕ್ಷೇಮವಾಗಿದೆ. ಇದಕ್ಕಿಂತ ಹೆಚ್ಚು ಬರೆಯುವ ಹಕ್ಕು ನನಗಿಲ್ಲ.

ಈ ಕಾರ್ಯಕ್ರಮಕ್ಕೆ ಬಾರದೆ ಉಳಿದವರು ಹೋಟೆಲಿನ ಹುಡುಗರು. ಸಂಜೆಯ ಹೊತ್ತು ಅವರಿಗೆ ಬಿಡುವಿಲ್ಲ, ರಾತ್ರಿಶಾಲೆಗಳು ಒಂದೊಂದಾಗಿ ಮುಚ್ಚಿವೆ. ಈಗ ಊರಿನಿಂದ ಬರುವ ನಮ್ಮ ಹುಡುಗರು ಕಡಿಮೆ. ಒಡಿಶಾ, ಉತ್ತರ ಪ್ರದೇಶ, ನೇಪಾಳದವರೇ ಹೆಚ್ಚು. ಅವರ ಅಪ್ಪ ಅಮ್ಮ ಇನ್ನೂ ದೂರ. ಹೋಟೆಲು ಮುಚ್ಚಿ ಗಲ್ಲಾ ಎಣಿಸುವ ಹೊತ್ತಿಗೆ, ಹನ್ನೊಂದರ ನಂತರ, ಅಲ್ಲಿಗೇ ಹೋಗಿ ಅವರೊಂದಿಗೆ ಮಾತಾಡಲು ವೈದ್ಯರು ಸಿದ್ಧರಿದ್ದಾರೆ, ಹಿಂದಿ ಬಲ್ಲ ಕಾನೂನು ವಿದ್ಯಾರ್ಥಿಯೂ ಒಬ್ಬರಿದ್ದಾರೆ. ಠಾಣೆ ನಗರದಲ್ಲೂ ಕುರ್ಲಾದಲ್ಲೂ ಒಬ್ಬೊಬ್ಬ ಮಾಲೀಕರು ಒಪ್ಪಿದ್ದಾರೆ. ಮುಂಬಯಿಯಲ್ಲೋ ಪುಣೆಯಲ್ಲೋ ಹೋಟೆಲು ನಡೆಸುವವರು ಇದನ್ನು ಓದುತ್ತಿದ್ದರೆ, ನಿಮ್ಮ ಹುಡುಗರಿಗಾಗಿ ವಾರದ ಒಂದು ರಾತ್ರಿ ಒಂದು ಗಂಟೆ ದೀಪ ಆರಿಸದೆ ಇಡಿ. ಚಹಾ ನಾವೇ ತರುತ್ತೇವೆ.